ನಾನು ತೋರಿಸದ ಚಂದ್ರ

ಹೊಟ್ಟೆಕಿಚ್ಚಿನ ವಿಷಯದಲ್ಲಿ ನಾನು ಯಾರಿಗೂ ಕಡಿಮೆಯಿಲ್ಲ. ಬೇರೆಯವರು ಅದನ್ನು ಹಲ್ಲು ಕಿರಿದು ಮುಚ್ಚಿಕೊಳ್ಳುತ್ತಾರೆ, ನನಗೆ ಆ ವಿದ್ಯೆ ಬರುವುದಿಲ್ಲ. ಮುಖ ಹುಳ್ಳಗಾಗುತ್ತದೆ, ಮಾತು ಮೊಟಕಾಗುತ್ತದೆ. ಆಫೀಸಿನಲ್ಲಿ ಯಾರಿಗೋ ಬಡ್ತಿ ಸಿಕ್ಕಿದೆ ಎಂಬುದನ್ನು ನನ್ನ ಹೆಂಡತಿ ನನ್ನ ಮುಖ ನೋಡಿಯೇ ಹೇಳುತ್ತಿದ್ದಳು. ಆದರೆ ಕತಾರಿನಲ್ಲಿ ಒಬ್ಬ ಮನುಷ್ಯನ ಮೇಲೆ ನಾನು ಪಟ್ಟ ಹೊಟ್ಟೆಕಿಚ್ಚನ್ನು ಅವಳಿಗೂ ಪೂರ್ತಿ ಹೇಳಿಲ್ಲ.

ತೊಂಬತ್ತರ ದಶಕದ ನಡುವಿನ ಮಾತು. ನಾನು ಮೈಸೂರಿನಿಂದ ಹೋದ ಸರ್ವೇಯರ್. ಅವನು ಮಂಗಳೂರು ಕಡೆಯ ಬ್ಯಾರಿ, ನಮ್ಮ ಸರ್ವೆ ತಂಡದ ಫೋರ್‌ಮನ್. ದೋಹಾದಿಂದ ಬಸ್ಸಿನಲ್ಲೇ ಹೋಗಿ ಹಜ್ ಮುಗಿಸಿ ಬಂದಿದ್ದರಿಂದ ಎಲ್ಲರೂ ಅವನನ್ನು ಹಾಜಿ ಎನ್ನುತ್ತಿದ್ದರು. ವಯಸ್ಸು ನನ್ನದೇ, ಮೂವತ್ತೈದರ ಆಸುಪಾಸು. ಇಂಡಸ್ಟ್ರಿಯಲ್ ಏರಿಯಾದ ಕಂಪನಿ ಕ್ಯಾಂಪಿನಲ್ಲಿ ನಮ್ಮಿಬ್ಬರಿಗೂ ಒಂದೇ ರೂಮು, ಎರಡು ಮಂಚ, ಗರಗರ ಎನ್ನುವ ಒಂದು ಏಸಿ. ಎದುರಿಗೆ ಅವನಿಗೆ ‘ನೀವು’ ಅನ್ನುತ್ತಿದ್ದೆ, ಮನಸ್ಸಿನಲ್ಲಿ ಮಾತ್ರ ‘ಅವನು’. ಈಗ ಬರೆಯುವಾಗಲೂ ಅದೇ ಬರುತ್ತಿದೆ, ಇರಲಿ.

ಆ ವರ್ಷ ಕಂಪನಿಯ ಒಂದು ಮನೆ ಖಾಲಿಯಾಯಿತು. ಅಲ್ ಥುಮಾಮಾದಲ್ಲಿ ಒಂದು ವಿಲ್ಲಾದ ಮಹಡಿಯ ಭಾಗ. ಎರಡು ಕೋಣೆ, ಅಡುಗೆಮನೆ, ಮೇಲೆ ತಾರಸಿ. ವಿಮಾನ ಇಳಿಯುವಾಗ ಪಾತ್ರೆಗಳೆಲ್ಲ ಕುಣಿಯುತ್ತವೆ ಎಂದು ಹಿಂದಿದ್ದವರು ದೂರುತ್ತಿದ್ದರು. ಕುಣಿಯಲಿ ಬಿಡಿ, ನನಗೇನು? ಮನೆಯ ಕಾಗದ ಕೈಗೆ ಬಂದರೆ ಫ್ಯಾಮಿಲಿ ವೀಸಾ ಸಿಗುತ್ತಿತ್ತು, ಇಲ್ಲದಿದ್ದರೆ ಇಲ್ಲ. ಮಗಳಿಗೆ ಆಗ ನಾಲ್ಕು ವರ್ಷ. ರಜೆಗೆ ಊರಿಗೆ ಹೋದರೆ ಮೊದಲ ವಾರ ನನ್ನನ್ನು ಅಂಕಲ್ ಎಂದು ಕರೆಯುತ್ತಿದ್ದಳು. ಅಪ್ಪ ಅನ್ನಲು ಶುರು ಮಾಡುವ ಹೊತ್ತಿಗೆ ನನ್ನ ಟಿಕೆಟ್ಟಿನ ದಿನ ಬರುತ್ತಿತ್ತು. ಹಾಜಿಗೂ ಊರಿನಲ್ಲಿ ಹೆಂಡತಿ, ಇಬ್ಬರು ಗಂಡುಮಕ್ಕಳು. ಪಟ್ಟಿಯಲ್ಲಿ ಕೊನೆಗೆ ಉಳಿದದ್ದು ನಮ್ಮಿಬ್ಬರ ಹೆಸರು. ಈದ್ ಆದ ಮೇಲೆ ಮುದೀರ್ ಒಬ್ಬರ ಹೆಸರಿಗೆ ಸಹಿ ಹಾಕುತ್ತಾರೆ ಎಂದು ಆಫೀಸಿನಿಂದ ಸುದ್ದಿ ಬಂತು. ಮುದೀರ್ ಅಂದರೆ ನಮ್ಮ ಮ್ಯಾನೇಜರ್, ಕತಾರಿನವರೇ, ಉತ್ತರದ ಅಲ್ ಶಮಾಲ್ ಊರಿನವರು.

ಸಹಿ ಯಾರ ಹೆಸರಿಗೆ ಬೀಳುತ್ತದೆ ಎಂಬುದರಲ್ಲಿ ನನಗೆ ಅನುಮಾನವೇ ಇರಲಿಲ್ಲ. ಮಧ್ಯಾಹ್ನ ಸೈಟಿನಲ್ಲಿ ನಮಾಜಿನ ಬಾಂಗ್ ಹೊತ್ತಾದರೆ ಮುದೀರ್ ಜೀಪಿನಿಂದ ಚಾಪೆ ತೆಗೆಯುತ್ತಿದ್ದರು, ಹಾಜಿ ಅವರ ಪಕ್ಕದಲ್ಲಿ ಭುಜಕ್ಕೆ ಭುಜ ತಾಗಿಸಿ ನಿಲ್ಲುತ್ತಿದ್ದ. ನಾನು ಆ ಹೊತ್ತಿನಲ್ಲಿ ಬಿಸಿಲಿಗೆ ಉಪಕರಣಕ್ಕೆ ಕೊಡೆ ಹಿಡಿದು ನಿಂತಿರುತ್ತಿದ್ದೆ. ನಾನು ವರ್ಷವಿಡೀ ಕಣ್ಣು ಕಿರಿದು ಮಾಡಿ ತೆಗೆದ ನೆಲದ ಲೆವೆಲ್ಲುಗಳಿಂದ ಆಗದ ಕೆಲಸ ಆ ಹತ್ತು ನಿಮಿಷದಲ್ಲಿ ಆಗಿಹೋಗುತ್ತಿದೆ ಅನ್ನಿಸಿ ಮೈ ಪರಚಿಕೊಳ್ಳುವಂತಾಗುತ್ತಿತ್ತು. ಹಾಜಿ ಬೆಣ್ಣೆ ಹಚ್ಚುವವನಾಗಿದ್ದರೆ ನನಗೆ ಸಮಾಧಾನವಿರುತ್ತಿತ್ತು. ಅವನು ಹಾಗಿರಲಿಲ್ಲ. ಮುದೀರ್ ಇಲ್ಲದ ದಿನವೂ ಅವನು ಅಷ್ಟೇ ಹೊತ್ತು ನಮಾಜು ಮಾಡುತ್ತಿದ್ದ, ಅದು ಇನ್ನೂ ಉರಿಸುತ್ತಿತ್ತು.

ಅದು ಚಳಿಗಾಲದ ರಮ್ಜಾನ್. ನಮ್ಮ ತಂಡಕ್ಕೆ ಅಲ್ ಶಮಾಲ್‌ನಲ್ಲೇ ರಸ್ತೆ ಸರ್ವೆ ಕೆಲಸವಿತ್ತು. ಹಗಲು ಬಯಲಿನಲ್ಲಿ ಒಂದು ಗುಟುಕು ನೀರು ಕುಡಿದರೂ ಕಾನೂನಿನ ಪ್ರಕಾರ ತಪ್ಪು, ಹಿಂದೂ ಆದರೂ ತಪ್ಪೇ. ನಾನು ಪಿಕಪ್ಪಿನೊಳಗೆ ಬಗ್ಗಿ, ಡ್ರಾಯಿಂಗ್ ಹಾಳೆಯನ್ನು ಮುಖಕ್ಕೆ ಅಡ್ಡ ಹಿಡಿದು ಕುಡಿಯುತ್ತಿದ್ದೆ. ಹಾಜಿ ಆಚೆ ತಿರುಗಿ ನಿಂತು ಯಾರಾದರೂ ಬರುತ್ತಾರೋ ಎಂದು ಕಾಯುತ್ತಿದ್ದ. ಕುಡಿದಾದ ಮೇಲೆ, “ಆಯ್ತಾ ಮಾರಾಯ್ರೆ? ಇನ್ನು ಸ್ವಲ್ಪ ಕುಡೀರಿ, ತಲೆ ತಿರುಗ್ತದೆ ಮತ್ತೆ” ಅನ್ನುತ್ತಿದ್ದ. ಅವನ ತುಟಿ ಒಣಗಿ ಬಿರಿದಿರುತ್ತಿತ್ತು.

ಸಂಜೆ ಮುದೀರರ ಮನೆಯ ಮಜ್ಲಿಸಿನಲ್ಲಿ, ಅಂದರೆ ಗಂಡಸರು ಸೇರುವ ಹಜಾರದಲ್ಲಿ, ಉಪವಾಸ ಬಿಡುವ ಊಟ, ನಮಗಿಬ್ಬರಿಗೂ ಕರೆ. ನಾನು ಸಸ್ಯಾಹಾರಿ. ಮಾಂಸದ ತಟ್ಟೆಗಳ ಅಂಚಿನಲ್ಲಿ ಖರ್ಜೂರ, ಮಜ್ಜಿಗೆ ಹಿಡಿದು ಕೂತಿರುತ್ತಿದ್ದೆ. ಅರಬ್ಬಿಯಲ್ಲಿ ಮಾತು ಜೋರಾಗಿ ನಡೆಯುತ್ತಿತ್ತು. ದೇಶ ಆಳುವ ಅಮೀರರ ಅರಮನೆಯಲ್ಲಿ ತಂದೆಯ ಜಾಗಕ್ಕೆ ಮಗ ಬಂದು ಹೆಚ್ಚು ಕಾಲವಾಗಿರಲಿಲ್ಲ. ಏನೇನು ಬದಲಾಗಬೇಕು, ಏನು ಬದಲಾಗಬಾರದು ಎಂಬುದೇ ದಿನದಿನದ ಚರ್ಚೆ. ಆ ದೇಶದಲ್ಲಿ ಆಗ ಎರಡು ಬಗೆಯ ಕೋರ್ಟುಗಳಿದ್ದವು. ನಮ್ಮ ಕಂಪನಿಯ ಜಗಳಗಳೆಲ್ಲ ಒಂದು ಕೋರ್ಟಿಗೆ, ಮದುವೆ, ಆಸ್ತಿ, ರಮ್ಜಾನಿನ ಚಂದ್ರ ಇವೆಲ್ಲ ಶರಿಯಾ ಕೋರ್ಟಿಗೆ. ರಮ್ಜಾನ್ ಮುಗಿಯುತ್ತ ಬಂದ ಹಾಗೆ ಮಜ್ಲಿಸಿನಲ್ಲಿ ಚಂದ್ರನದೇ ಮಾತಾಯಿತು.

ಹಾಜಿ ನನ್ನ ಕಿವಿಯಲ್ಲಿ ಅರ್ಥ ಹೇಳುತ್ತಿದ್ದ. “ಈದ್ ಯಾವತ್ತು ಅಂತ ಹೇಳ್ಬೇಕಾದ್ರೆ ಚಂದ್ರನ್ನ ಕಂಡವರು ಖಾಜಿಯ ಎದುರು ಸಾಕ್ಷಿ ಹೇಳ್ಬೇಕು. ಉಪವಾಸ ಶುರು ಮಾಡ್ಲಿಕ್ಕೆ ಒಬ್ಬ ಸಾಕು, ಮುಗಿಸ್ಲಿಕ್ಕೆ ಇಬ್ರು ಬೇಕು. ಇವ್ರದ್ದು ತಕರಾರು ಎಂತ ಅಂದ್ರೆ, ಪ್ರತಿ ವರ್ಷ ಪಕ್ಕದ ದೊಡ್ಡ ದೇಶದ ರೇಡಿಯೊ ಕೇಳಿ ನಾವು ಹಬ್ಬ ಮಾಡುದು ಯಾಕೆ, ನಮ್ಗೆ ಕಣ್ಣಿಲ್ವಾ ಅಂತ. ಮತ್ತೆ ಆ ಮೂಲೆಯವ್ರು ಹೇಳ್ತಾ ಇದ್ದಾರೆ, ಮುಸ್ಲಿಮರೆಲ್ಲ ಒಂದೇ ದಿನ ಹಬ್ಬ ಮಾಡುದೇ ಚಂದ, ಇದ್ರಲ್ಲಿ ಹಠ ಬೇಡ ಅಂತ.”

“ನಿಮ್ಮ ಮುದೀರ್ ಏನಂತಾರೆ?” ಅಂದೆ.

“ಅವ್ರಿಗೆ ಈ ವರ್ಷ ಸಾಕ್ಷಿ ಶಮಾಲ್‌ನಿಂದ್ಲೇ ಹೋಗ್ಬೇಕು. ಅವ್ರ ತಂದೆಯವ್ರ ಕಣ್ಣಿನಿಂದ.”

ಮುದೀರರ ತಂದೆ ಗೋಡೆಗೊರಗಿ ಸುಮ್ಮನೆ ಕೂತಿರುತ್ತಿದ್ದರು. ಹರೆಯದಲ್ಲಿ ಮುತ್ತಿನ ದೋಣಿಯಲ್ಲಿದ್ದವರು, ಮುಂಬಯಿಗೆ ಎಷ್ಟೋ ಸಲ ಹೋಗಿ ಬಂದವರು. ಮುಂಬಯಿಯ ಹಿಂದಿ ಅವರ ಬಾಯಲ್ಲಿ ಇನ್ನೂ ಉಳಿದಿತ್ತು. ಆ ದಡದಲ್ಲಿ ಹಿಂದೆಲ್ಲ ಅವರು ಚಂದ್ರ ಕಂಡಿತು ಎಂದರೆ ಮುಗಿಯಿತು, ಯಾರೂ ಎರಡನೆಯ ಮಾತಾಡುತ್ತಿರಲಿಲ್ಲವಂತೆ. ನನ್ನನ್ನು ಕಂಡರೆ ಅವರಿಗೆ ಪ್ರೀತಿ. ನಾನು ಮಾಂಸ ತಿನ್ನುವುದಿಲ್ಲ ಎಂದು ಗೊತ್ತಾದ ದಿನದಿಂದ ಒಳಗಿನಿಂದ ನನಗೆಂದೇ ಒಂದು ಬಟ್ಟಲು ಬೇಳೆ ತರಿಸುತ್ತಿದ್ದರು.

ಇಪ್ಪತ್ತೊಂಬತ್ತನೆಯ ಉಪವಾಸದ ದಿನ ಮುದೀರ್ ಸೈಟಿಗೆ ಬಂದು, ಸಂಜೆ ನಮ್ಮ ಸರ್ವೆ ದುರ್ಬೀನನ್ನು, ಥಿಯೋಡೊಲೈಟನ್ನು, ಸಮುದ್ರದ ದಡಕ್ಕೆ ತರಬೇಕು ಎಂದರು. ಚಂದ್ರ ಎಲ್ಲಿರಬಹುದು ಎಂದು ಅದರಲ್ಲಿ ಹುಡುಕಿ ಜಾಗ ತೋರಿಸಿದರೆ ಬರಿಗಣ್ಣಿಗೆ ಸಿಗುವುದು ಸುಲಭ ಎಂಬುದು ಅವರ ಲೆಕ್ಕಾಚಾರ. ಊರಿನ ಖಾಜಿಯವರು ಒಪ್ಪಿದ್ದರಂತೆ. ಯಂತ್ರ ಜಾಗ ತೋರಿಸಬಹುದು, ಆದರೆ ಸಾಕ್ಷಿ ಕಣ್ಣಿನದೇ ಆಗಬೇಕು. ತಂದೆ ಒಬ್ಬ ಸಾಕ್ಷಿ, ಎರಡನೆಯವನು ಹಾಜಿ. ಮುದೀರ್ ಹಾಜಿಯ ಹೆಗಲ ಮೇಲೆ ಕೈ ಹಾಕಿ ಹೇಳಿದರು. “ಇವತ್ತು ನೀನು ನಮ್ಮ ಊರಿನ ಮಾನ ಉಳಿಸುತ್ತೀ.”

ನನ್ನ ಕಡೆ ತಿರುಗಿ, “ಟ್ರೈಪಾಡ್ ಸರಿಯಾಗಿ ಊರು” ಎಂದರು.

ಇಡೀ ತಂಡದಲ್ಲಿ ನನ್ನಷ್ಟು ಚುರುಕು ಕಣ್ಣಿನವರು ಯಾರೂ ಇರಲಿಲ್ಲ. ಅರ್ಧ ಮೈಲಿ ಆಚೆ ಹಿಡಿದ ಅಳತೆ ಕೋಲಿನ ಕೆಂಪು ಗೆರೆಯನ್ನು ನಾನು ಬರಿಗಣ್ಣಿನಲ್ಲಿ ಹೇಳುತ್ತಿದ್ದೆ. ಹಾಜಿಗೆ ಸೋಡಾ ಬಾಟಲಿಯ ತಳದಂಥ ಕನ್ನಡಕ. ಆದರೂ ಅವನ ಕಣ್ಣಿಗೆ ಬೆಲೆ, ನನ್ನದಕ್ಕಿಲ್ಲ, ಯಾಕೆಂದರೆ ಸಾಕ್ಷಿ ಹೇಳುವವನು ಮುಸಲ್ಮಾನನಾಗಿರಬೇಕು. ಆ ಕಾನೂನು ಅವರ ಹಬ್ಬದ್ದು, ಅವರ ದೇವರ ಮುಂದಿನದು, ನನಗೆ ಅದರಲ್ಲಿ ಮೂಗು ತೂರಿಸುವ ಹಕ್ಕಿಲ್ಲ ಎಂದು ಬುದ್ಧಿಗೆ ಗೊತ್ತಿತ್ತು. ಬುದ್ಧಿಯ ಮಾತನ್ನು ಹೊಟ್ಟೆ ಎಲ್ಲಿ ಕೇಳುತ್ತದೆ? ಥುಮಾಮಾದ ಮನೆಯ ಬಾಗಿಲು ಹಾಜಿಯ ಹೆಂಡತಿ ತೆಗೆಯುವುದು, ಒಳಗೆ ಮೀನಿನ ಸಾರಿನ ವಾಸನೆ ಬರುವುದು, ಎಲ್ಲ ನನ್ನ ಕಣ್ಣಿಗೆ ಕಟ್ಟಿತು.

ದಡದಲ್ಲಿ ಇಪ್ಪತ್ತು ಜನ ಸೇರಿದ್ದರು. ತಣ್ಣನೆಯ ಗಾಳಿ, ಸಮುದ್ರದ ಮೇಲೆ ತೆಳ್ಳಗೆ ಧೂಳಿನ ಮಸುಕು. ಸೂರ್ಯ ಮುಳುಗಿದ, ಎಲ್ಲರೂ ಖರ್ಜೂರ ತಿಂದು ಉಪವಾಸ ಬಿಟ್ಟರು. ಸ್ವಲ್ಪ ಹೊತ್ತು ಆಕಾಶ ನೋಡಿದರು, ಏನೂ ಕಾಣಲಿಲ್ಲ. ಹೊತ್ತು ಮೀರುತ್ತದೆಂದು ನಮಾಜಿಗೆ ನಿಂತರು. ಕತಾರಿನಿಂದ ಮೆಕ್ಕಾ ಪಶ್ಚಿಮದ ಕಡೆಗಿದೆ. ಹಾಗಾಗಿ ಅವರು ಮುಖ ಮಾಡಿ ನಿಂತದ್ದೂ ಸೂರ್ಯ ಮುಳುಗಿದ ದಿಕ್ಕಿಗೇ. ನಮಾಜಿನಲ್ಲಿ ಆಕಾಶ ನೋಡುವಂತಿಲ್ಲ, ಎಲ್ಲರ ಕಣ್ಣೂ ನೆಲದ ಮೇಲೆ. ಮುದೀರರ ತಂದೆ, ಆ ಹಿರಿಯರು, ಮಂಡಿನೋವಿನಿಂದ ಕುರ್ಚಿಯಲ್ಲಿ ಕೂತು ತಲೆ ಬಾಗಿಸಿದ್ದರು. ತಲೆಯೆತ್ತಿ ನಿಂತಿದ್ದವನು ಇಡೀ ದಡದಲ್ಲಿ ನಾನೊಬ್ಬನೇ.

ಆಗ ಕಂಡಿತು. ಮಸುಕಿನ ಮೇಲೆ, ಕೈಯಗಲ ಎತ್ತರದಲ್ಲಿ, ಬಿಳಿ ದಾರದ ತುಂಡಿನಷ್ಟು. ನಾನು ಥಿಯೋಡೊಲೈಟಿಗೆ ಕಣ್ಣಿಟ್ಟು ತಿರುಗಿಸಿದೆ. ಆ ಉಪಕರಣ ಹಳೆಯದು, ಅದರಲ್ಲಿ ಎಲ್ಲವೂ ತಲೆಕೆಳಗಾಗಿ ಕಾಣುತ್ತಿತ್ತು. ಚಂದ್ರನೂ ತಲೆಕೆಳಗಾಗಿ, ಗಾಜಿನ ಮೇಲಿನ ಕೂದಲೆಳೆಯಂಥ ಅಡ್ಡಗೆರೆ ಉದ್ದಗೆರೆಗಳ ನಟ್ಟನಡುವೆ ಬಂದು ಕೂತ. ಸ್ಕ್ರೂ ಬಿಗಿ ಮಾಡಿದ್ದರೆ ಮುಗಿಯಿತು, ನಮಾಜು ಮುಗಿಸಿದ ಹಾಜಿಯನ್ನು ಕರೆದು, ಇಲ್ಲಿ ನೋಡಿ, ಈಗ ಇದೇ ನೇರದಲ್ಲಿ ಬರಿಗಣ್ಣಿನಿಂದ ನೋಡಿ ಅನ್ನಬಹುದಿತ್ತು.

ನಾನು ಸ್ಕ್ರೂ ಮುಟ್ಟದೆ ದುರ್ಬೀನನ್ನು ಸಮುದ್ರದ ಕಡೆ ಇಳಿಸಿದೆ.

ಇದನ್ನು ಬರೆಯುವಾಗ ನನ್ನ ಅಮ್ಮನ ನೆನಪಾಗುತ್ತದೆ. ಅವಳು ಸಂಕಷ್ಟಿಯ ದಿನ ಚಂದ್ರ ನೋಡುವವರೆಗೆ ಊಟ ಮಾಡುತ್ತಿರಲಿಲ್ಲ. ಚಿಕ್ಕಂದಿನಲ್ಲಿ ತಾರಸಿಯ ಮೇಲೆ ಕಾಯುವ ಕೆಲಸ ನನ್ನದು. ತೆಂಗಿನ ಗರಿಯ ಸಂದಿಯಲ್ಲಿ ಒಂದಿಷ್ಟು ಬೆಳಕು ಕಂಡರೆ ಸಾಕು, “ಅಮ್ಮಾ, ಬಂದ” ಎಂದು ಬೀದಿಗೆಲ್ಲ ಕೇಳುವಂತೆ ಕೂಗುತ್ತಿದ್ದೆ. ಅಕ್ಕಪಕ್ಕದ ಮನೆಯ ಹೆಂಗಸರೂ ನನ್ನ ಕೂಗು ಕೇಳಿಯೇ ಅರ್ಘ್ಯದ ತಂಬಿಗೆ ಹಿಡಿದು ಬರುತ್ತಿದ್ದರು. ಹಸಿದವರಿಗೆ ಚಂದ್ರನನ್ನು ತೋರಿಸುವುದು ಏನೆಂದು ಆ ದಡದಲ್ಲಿ ನನಗೆ ಗೊತ್ತಿದ್ದಷ್ಟು ಬೇರೆ ಯಾರಿಗೆ ಗೊತ್ತಿತ್ತು? ಗೊತ್ತಿದ್ದೂ ಬಾಯಿ ಬಿಡಲಿಲ್ಲ.

ನಮಾಜು ಮುಗಿಯಿತು. ಹಿರಿಯರು ಕುರ್ಚಿಯಿಂದ ಎದ್ದು, ಒಂದು ಕ್ಷಣ ನೋಡಿ, ಕೋಲೆತ್ತಿ ತೋರಿಸಿದರು. ಕೋಲು ಸರಿಯಾಗಿ ಅಲ್ಲಿಗೇ ಹೋಯಿತು. ಜನ ಗುಂಪುಗೂಡಿ ಕಣ್ಣಿಗೆ ಕೈ ಅಡ್ಡ ಹಿಡಿದು ನೋಡಿದರು. ಮಸುಕು ಮೇಲೇರುತ್ತಿತ್ತು. ಯಾರಿಗೂ ಸಿಗಲಿಲ್ಲ. ಮುದೀರರಿಗೂ ಸಿಗಲಿಲ್ಲ. ಖಾಜಿಯವರು ಮೆತ್ತಗೆ, ಒಬ್ಬರ ಮಾತು ಈದ್‌ಗೆ ಸಾಲದು ಎಂದರು. ಮುದೀರ್ ಹಾಜಿಯನ್ನು ಮುಂದೆ ಎಳೆದು ನಿಲ್ಲಿಸಿದರು. “ಸರಿಯಾಗಿ ನೋಡು. ನನ್ನ ತಂದೆ ಸುಳ್ಳು ಹೇಳುವುದಿಲ್ಲ. ಕಂಡಿತು ತಾನೇ?”

ಹಾಜಿ ಕನ್ನಡಕ ತೆಗೆದು ಅಂಗಿಯಲ್ಲಿ ಒರೆಸಿ ಹಾಕಿಕೊಂಡ. ಕುತ್ತಿಗೆ ಉದ್ದ ಮಾಡಿದ. ಎಲ್ಲರೂ ಅವನ ಬಾಯಿಯನ್ನೇ ನೋಡುತ್ತಿದ್ದರು. ಹೂಂ ಅಂದುಬಿಡುತ್ತಾನೆ, ಮನೆ ಹೋಯಿತು ಎಂದು ನಾನು ಹಲ್ಲು ಕಚ್ಚಿದೆ. ಒಂದು ಹೂಂ, ಅಷ್ಟೇ. ಹಿರಿಯರು ಹೇಳಿದ್ದು ನಿಜವೇ ಇತ್ತು, ಅವನು ಹೂಂ ಅಂದಿದ್ದರೂ ಸುಳ್ಳಿನಿಂದ ಯಾರಿಗೂ ನಷ್ಟವಿರಲಿಲ್ಲ.

“ಮಾ ಶುಫ್ತ್” ಅಂದ ಹಾಜಿ. ನಾನು ನೋಡಲಿಲ್ಲ.

ಮುದೀರರ ಕೈ ಅವನ ಹೆಗಲಿನಿಂದ ಜಾರಿತು. ಗುಂಪಿನಲ್ಲಿ ಯಾರೋ, ವಯಸ್ಸಾಯಿತು, ಕಣ್ಣು ಮೋಸ ಮಾಡುತ್ತದೆ ಎಂದು ಪಿಸುಗುಟ್ಟಿದರು. ಅಷ್ಟು ಅರಬ್ಬಿ ನನಗೂ ಅರ್ಥವಾಗುತ್ತಿತ್ತು. ಹಿರಿಯರ ಕಿವಿಗೂ ಬಿತ್ತು. ಅವರು ಯಾರ ಜೊತೆಗೂ ವಾದಕ್ಕೆ ಹೋಗದೆ, ಮರಳಿನಲ್ಲಿ ಕೋಲೂರಿಕೊಂಡು ನೇರ ನನ್ನ ಟ್ರೈಪಾಡಿನ ಹತ್ತಿರ ಬಂದರು. ನನ್ನ ಮುಖಕ್ಕೆ ಮುಖ ತಂದು ಕೇಳಿದರು.

“ಏ ಹಿಂದಿ, ತುಮ್ ದೇಖಾ?”

ಹಿಂದಿ ಅಂದರೆ ಅಲ್ಲಿ ಭಾರತದವನು. ನೀನು ನೋಡಿದೆಯಾ ಎಂದು ಕೇಳುತ್ತಿದ್ದರು. ನನ್ನ ಮಾತು ಖಾಜಿಯ ಮುಂದೆ ನಡೆಯುವುದಿಲ್ಲ ಎಂದು ಅವರಿಗೆ ಗೊತ್ತಿಲ್ಲದೆ ಇಲ್ಲ. ಅವರಿಗೆ ಬೇಕಾದದ್ದು ಸಾಕ್ಷಿಯಲ್ಲ, ನಿನ್ನ ಕಣ್ಣು ಸರಿಯಿದೆ ಮುದುಕಾ ಎಂದು ಹೇಳುವ ಒಬ್ಬ ಮನುಷ್ಯ. ನನ್ನನ್ನು ಯಾರೂ ಕೇಳುವುದಿಲ್ಲ ಎಂದು ತಿಂಗಳಿಡೀ ಕುದಿಯುತ್ತಿದ್ದವನು ನಾನು. ಕೊನೆಗೂ ಒಬ್ಬರು ಕೇಳಿದರು.

“ಮಾಫಿ” ಅಂದೆ. ಏನೂ ಇಲ್ಲ.

ಅವರು ನನ್ನನ್ನೇ ಒಂದಿಷ್ಟು ಹೊತ್ತು ನೋಡಿದರು. ಆಮೇಲೆ “ಅಚ್ಛಾ” ಎಂದು ಹೊರಟುಹೋದರು.

ಆ ವರ್ಷ ಪಕ್ಕದ ದೇಶದ ರೇಡಿಯೊ ಕೂಡ ಚಂದ್ರ ಕಂಡಿಲ್ಲ ಎಂದಿತು. ಎಲ್ಲರೂ ಮೂವತ್ತನೆಯ ಉಪವಾಸ ಹಿಡಿದರು. ಮರುದಿನ ನಾನು ರೂಮಿನ ಬಾಗಿಲು ಹಾಕಿಕೊಂಡು ಮೊಸರನ್ನ ಉಂಡೆ. ಪಶ್ಚಾತ್ತಾಪದಿಂದ ಅನ್ನ ಗಂಟಲಲ್ಲಿ ಇಳಿಯಲಿಲ್ಲ ಎಂದು ಬರೆದರೆ ಓದಲು ಚೆನ್ನಾಗಿರುತ್ತದೆ, ಆದರೆ ಚೆನ್ನಾಗಿಯೇ ಇಳಿಯಿತು. ಉಪ್ಪಿನಕಾಯಿಯನ್ನೂ ಹಾಕಿಕೊಂಡೆ. ಹಾಜಿ ಆಚೆ ಮಂಚದಲ್ಲಿ ಗೋಡೆಗೆ ಮುಖ ಮಾಡಿ ಮಲಗಿದ್ದ.

“ಹಾಜಿ, ಆ ಮುದುಕರು ಇವತ್ತು ಏನು ಮಾಡ್ತಾರೆ?” ಅಂದೆ. “ಅವರ ಪ್ರಕಾರ ಇವತ್ತು ಹಬ್ಬ ಅಲ್ವಾ? ಊಟ ಮಾಡ್ತಾರಾ?”

“ಇಲ್ಲ ಮಾರಾಯ್ರೆ. ಇಲ್ಲಿಯವ್ರಲ್ಲಿ ಕಾನೂನು ಉಂಟು. ಒಬ್ನೇ ಕಂಡವ ಊರಿನ ಜೊತೆಗೆ ಉಪವಾಸ ಹಿಡೀಬೇಕು. ಹಬ್ಬ ಅಂದ್ರೆ ಎಲ್ರದ್ದೂ ಒಟ್ಟಿಗೆ, ಒಬ್ಬಂದು ಬೇರೆ ಇಲ್ಲ.” ಹೊದಿಕೆ ಎಳೆದುಕೊಂಡು ಮತ್ತೆ ಹೇಳಿದ. “ಪಾಪ, ಅವ್ರಿಗೆ ಕಂಡದ್ದು ಹೌದಾದ್ರೆ ಇವತ್ತು ಅವ್ರಿಗೆ ಎಷ್ಟು ಸಂಕಟ ಆಗ್ಬಹುದು ಅಲ್ವಾ?”

ನನಗೆ ಆ ಕ್ಷಣದಲ್ಲಿ ಅವನ ಮೇಲೆ ಬಂದದ್ದು ಹಿಂದಿನ ಹೊಟ್ಟೆಕಿಚ್ಚಲ್ಲ, ಅದರಪ್ಪನಂಥದ್ದು. ಮನೆ ಕಣ್ಣೆದುರಿಗಿತ್ತು, ಒಂದು ಹೂಂ ಅಂದರೆ ಸಾಕಿತ್ತು, ಅವನು ಅನ್ನಲಿಲ್ಲ. ಅನ್ನದೆ ಬಂದು ಗೊರಕೆ ಹೊಡೆಯಲೂ ಅವನಿಗೆ ಸಾಧ್ಯವಾಗಿತ್ತು. ನಾನು ಕಣ್ಣಾರೆ ಕಂಡವನು, ರಾತ್ರಿಯಿಡೀ ಹೊರಳಾಡಿದ್ದೆ.

ಈದ್ ಮುಗಿದ ವಾರವೇ ಮನೆಯ ಕಾಗದ ಬಂತು, ನನ್ನ ಹೆಸರಿಗೆ. ಮುದೀರ್ ಕೆಟ್ಟವರಲ್ಲ, ಹಾಜಿಯ ಮೇಲೆ ಹಗೆ ಸಾಧಿಸಿದರು ಎಂದೂ ನಾನು ಹೇಳುವುದಿಲ್ಲ. ಆದರೆ ಇಪ್ಪತ್ತು ಜನರ ಮುಂದೆ ತಂದೆಯ ಮಾತು ಬಿದ್ದುಹೋದದ್ದು ಅವರಿಗೆ ಚುಚ್ಚುತ್ತಿತ್ತು, ಹಾಜಿಯ ಮುಖ ನೋಡಿದಾಗಲೆಲ್ಲ ಅದೇ ನೆನಪಾಗುತ್ತಿರಬೇಕು. ಚಾಪೆಯ ಮೇಲೆ ಇಬ್ಬರೂ ಮೊದಲಿನಂತೆಯೇ ಪಕ್ಕಪಕ್ಕ ನಿಲ್ಲುತ್ತಿದ್ದರು, ಮಾತು ಮಾತ್ರ ಕಡಿಮೆಯಾಗಿತ್ತು. ಕಾಗದ ನೋಡಿ ಹಾಜಿ ನನ್ನ ಕೈ ಕುಲುಕಿದ. “ಒಳ್ಳೇದಾಯ್ತು, ಯಲ್ಲಾ, ಬೇಗ ಮಗಳನ್ನ ಕರ್ಕೊಂಡು ಬನ್ನಿ” ಅಂದ. ಹುಡುಕಿದರೂ ಅವನ ಮುಖದಲ್ಲಿ ಹುಳ್ಳಗೆ ಏನೂ ಸಿಗಲಿಲ್ಲ. ಮರುವರ್ಷ ಹಿರಿಯರು ಚಂದ್ರ ನೋಡಲು ದಡಕ್ಕೆ ಹೋಗಲೇ ಇಲ್ಲ ಎಂದು ಆಮೇಲೆ ಅವನೇ ಹೇಳಿದ.

ಹೆಂಡತಿ, ಮಗಳು ಬೇಸಿಗೆಗೆ ಬಂದರು. ವಿಮಾನ ಇಳಿಯುವಾಗ ಪಾತ್ರೆಗಳು ನಿಜವಾಗಿಯೂ ಕುಣಿಯುತ್ತಿದ್ದವು, ಮಗಳು ಅವುಗಳ ಜೊತೆ ತಾನೂ ಕುಣಿಯುತ್ತಿದ್ದಳು. ಒಂದು ಶುಕ್ರವಾರ ಸಂಜೆ ಹಾಜಿಯನ್ನು ಊಟಕ್ಕೆ ಕರೆದೆವು. ಅವನು ಸೂಕ್‌ ಪೇಟೆಯಿಂದ ಹಲ್ವಾ, ಮಗಳಿಗೆ ಒಂದು ಗೊಂಬೆ ತಂದಿದ್ದ. ಸೆಖೆಯೆಂದು ತಾರಸಿಯ ಮೇಲೆ ಕೂತೆವು. ಸೂರ್ಯ ಮುಳುಗಿ ಸ್ವಲ್ಪ ಹೊತ್ತಾಗಿತ್ತು.

“ಅಪ್ಪಾ, ಚಂದಮಾಮ!” ಮಗಳು ಪಶ್ಚಿಮಕ್ಕೆ ಕೈ ತೋರಿಸಿದಳು. “ನಿಂಗೆ ಕಾಣ್ತಾ?”

“ಹೂಂ ಪುಟ್ಟಿ, ಕಾಣ್ತು” ಅಂದೆ. ನನಗೆ ಅವಳಿಗಿಂತ ಮೊದಲೇ ಕಂಡಿತ್ತು.

ಹಾಜಿ ಎದ್ದು ನಿಂತು ಹುಡುಕಿದ. ಕನ್ನಡಕ ತೆಗೆದು ಒರೆಸಿದ. “ಎಲ್ಲುಂಟು ಮಗಳೇ? ನಂಗೆ ಕಾಣುದಿಲ್ಲ.”

“ಅಯ್ಯೋ ಅಂಕಲ್, ಅಲ್ಲೇ ಇದೆ, ಬಗ್ಗಿ” ಎಂದು ಅವಳು ಅವನ ಕೈ ಹಿಡಿದೆಳೆದು ಮಂಡಿಯೂರಿಸಿದಳು. ತನ್ನ ಕೆನ್ನೆಯನ್ನು ಅವನ ಕೆನ್ನೆಗೆ ಒತ್ತಿ, ಅವನ ಬೆರಳನ್ನು ತಾನೇ ಹಿಡಿದು ನೀರಿನ ಟ್ಯಾಂಕಿನ ಮೂಲೆಗೆ ನೇರ ಮಾಡಿದಳು. “ಈ ಬೆರಳಿನ ತುದೀಲಿ ನೋಡಿ.”

ಒಂದು ನಿಮಿಷ ಏನೂ ಇಲ್ಲ. ಆಮೇಲೆ ಹಾಜಿಯ ಮುಖ ಅರಳಿತು.

“ಹಾ, ಕಂಡ್ತು, ಕಂಡ್ತು!” ಅಂದ. ಮಂಡಿಯ ಮೇಲೇ ಕೂತು ಎರಡೂ ಅಂಗೈ ಎತ್ತಿ ತುಟಿಯಲ್ಲೇ ಏನೋ ಪ್ರಾರ್ಥಿಸಿದ. ಆಮೇಲೆ ಮಗಳ ತಲೆ ಸವರುತ್ತ ಹೇಳಿದ. “ನನ್ನ ಕಣ್ಣು ಅಷ್ಟೇನೂ ಹಾಳಾಗ್ಲಿಲ್ಲ ಮಗಳೇ. ಯಾರಾದ್ರೂ ತೋರಿಸ್ಬೇಕು, ಅಷ್ಟೇ. ತೋರಿಸಿದ್ರೆ ನಂಗೂ ಕಾಣ್ತದೆ.”

ಹಾಗೆ ಹೇಳುವಾಗ ಅವನು ನನ್ನ ಕಡೆ ನೋಡಲಿಲ್ಲ. ನೋಡಿದ್ದರೆ ಹೇಳಿಬಿಡುತ್ತಿದ್ದೆನೋ ಏನೋ. ಹೆಂಡತಿ ಕೆಳಗಿನಿಂದ ಊಟಕ್ಕೆ ಕರೆದಳು, ಮಗಳು ಹಾಜಿಯ ಕೈ ಹಿಡಿದು ಮೆಟ್ಟಿಲಿಳಿದಳು. ನಾನು ಅವರ ಹಿಂದೆ ಇಳಿದೆ, ಆಗಲೂ ಬಾಯಿ ಬಿಡಲಿಲ್ಲ.